ಮಾವ ಮಾಡುತ್ತಿದ್ದ ಎಣ್ಣೆಗಾಯಿ

ಮದುವೆಯಾಗಿ ಗಂಡನ ಮನೆಗೆ ಬಂದಾಗ ಅನ್ನಕ್ಕೆ ಎಷ್ಟು ನೀರಿಡಬೇಕೆಂಬುದೂ ನನಗೆ ಗೊತ್ತಿರಲಿಲ್ಲ. ಹೀಗೆಂದರೆ ಯಾರೂ ನಂಬುವುದಿಲ್ಲ. ಎಪ್ಪತ್ತರ ದಶಕದಲ್ಲಿ ಹಳ್ಳಿಯ ಹೆಣ್ಣುಮಗಳು ಅಡುಗೆ ಬಾರದೆ ಬೆಳೆಯುವುದುಂಟೇ ಎನ್ನುತ್ತಾರೆ. ನಾನು ಬೆಳೆದದ್ದು ಹಾಗೆಯೇ. ನಮ್ಮದು ಜಗಳೂರಿನ ಆಚೆಗಿನ ಸಣ್ಣ ಹಳ್ಳಿ. ಅಲ್ಲಿದ್ದದ್ದು ನಾಲ್ಕನೇ ಕ್ಲಾಸಿನವರೆಗಿನ ಶಾಲೆ. ಮುಂದೆ ಓದಲಿ ಎಂದು ಅಪ್ಪ ನನ್ನನ್ನು ಜಗಳೂರಿನ ಹಾಸ್ಟೆಲಿಗೆ ಸೇರಿಸಿದರು. ಅಲ್ಲಿ ತಟ್ಟೆ ಹಿಡಿದು ಸಾಲಿನಲ್ಲಿ ನಿಲ್ಲುವುದನ್ನು ಕಲಿತೆನೇ ಹೊರತು ಅಡುಗೆಕೋಣೆಯ ಒಳಗೆ ಏನು ನಡೆಯುತ್ತದೆಂದು ನೋಡಲಿಲ್ಲ. ರಜೆಗೆ ಮನೆಗೆ ಹೋದರೆ ಅವ್ವ ಒಲೆಯ ಹತ್ತಿರ ಬಿಟ್ಟುಕೊಳ್ಳುತ್ತಿರಲಿಲ್ಲ.

"ಇರಾಕೆ ಬಂದಿರೋದೇ ನಾಕು ದಿನ. ಸುಮ್ನೆ ಕುಂತ್ಕಂಡು ಉಣ್ಣು" ಎನ್ನುತ್ತಿದ್ದಳು.

ಹಾಗೆ ಕೂತು ಉಂಡು, ಓದಿ, ಟ್ರೈನಿಂಗ್ ಮುಗಿಸಿ ಪ್ರೈಮರಿ ಶಾಲೆಯ ಟೀಚರಾದೆ. ಬಸವಾಪಟ್ಟಣದ ಹತ್ತಿರದ ಒಂದು ಹಳ್ಳಿಗೆ ಪೋಸ್ಟಿಂಗ್ ಆಯಿತು. ಅದೇ ಊರಿನ ಹುಡುಗ ನನ್ನನ್ನು ಮೆಚ್ಚಿ ಮನೆಯವರನ್ನು ಕಳಿಸಿದ. ಮನೆಯವರು ಅಂದರೆ ಅವನ ಅಪ್ಪ ಒಬ್ಬರೇ. ಹುಡುಗನಿಗೆ ಮೂರು ವರ್ಷವಿದ್ದಾಗ ತಾಯಿ ತೀರಿಕೊಂಡಿದ್ದರಂತೆ. ಅವನು ಚನ್ನಗಿರಿಯ ಒಂದು ಆಫೀಸಿನಲ್ಲಿ ಗುಮಾಸ್ತ, ದಿನಾ ಬಸ್ಸಿನಲ್ಲಿ ಹೋಗಿ ಬರುತ್ತಿದ್ದ. ಅಪ್ಪ ಭದ್ರಾ ನಾಲೆಯ ಮೇಲೆ ನೀರುಗಂಟಿ. ಯಾವ ತೂಬಿನಿಂದ ಯಾರ ಗದ್ದೆಗೆ ಯಾವಾಗ ನೀರು ಬಿಡಬೇಕೆಂದು ನೋಡಿಕೊಳ್ಳುವ ಕೆಲಸ.

ಮದುವೆಯ ಗದ್ದಲ ಮುಗಿದು ನೆಂಟರೆಲ್ಲ ಹೊರಟುಹೋದ ಮರುದಿನ ಬೆಳಿಗ್ಗೆ ನಾನು ಎಲ್ಲರಿಗಿಂತ ಮೊದಲು ಎದ್ದು ಒಲೆಯ ಮುಂದೆ ಕೂತೆ. ಸೊಸೆಯಾದವಳು ಹಾಗೆ ಮಾಡಬೇಕೆಂದು ಮಾತ್ರ ತಿಳಿದಿತ್ತು. ಕಟ್ಟಿಗೆ ಒಟ್ಟಿದೆ, ಕಡ್ಡಿ ಗೀರಿದೆ, ಊದುಕೊಳವೆಯಲ್ಲಿ ಊದಿದೆ. ಹೊಗೆ ತುಂಬಿತೇ ಹೊರತು ಬೆಂಕಿ ಹತ್ತಲಿಲ್ಲ. ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಅದು ಹೊಗೆಯಿಂದಲೋ ಅವಮಾನದಿಂದಲೋ ಗೊತ್ತಾಗುವಂತಿರಲಿಲ್ಲ. ರಾತ್ರಿಯೇ ನೀರು ಬಿಡಲು ಹೋಗಿದ್ದ ಮಾವ ಅಷ್ಟರಲ್ಲಿ ನಾಲೆಯ ಕಡೆಯಿಂದ ಬಂದರು. ಬಾಗಿಲಲ್ಲೇ ನಿಂತು ನೋಡಿದರು.

"ಒಲೆ ಹಚ್ಚಾಕೆ ಬರಲ್ವೇನವ್ವ?"

ಇಲ್ಲವೆಂದು ತಲೆಯಾಡಿಸಿದೆ. "ಅಡುಗೇನೂ ಬರಲ್ಲ ಮಾವ" ಎಂದೂ ಸೇರಿಸಿದೆ. ಹೇಗೂ ಗೊತ್ತಾಗುವುದೇ, ಒಂದೇ ಸಲಕ್ಕೆ ಗೊತ್ತಾಗಲಿ ಎನ್ನಿಸಿತು.

ಅವರು ನಕ್ಕುಬಿಟ್ಟರು. ಹಂಗಿಸುವ ನಗುವಲ್ಲ, ಏನೋ ಸಿಕ್ಕಿದಂಥ ನಗು.

"ಇಷ್ಟು ವರ್ಷ ಒಬ್ನೇ ಬೇಯ್ಸಿ ಬೇಯ್ಸಿ ಸಾಕಾಗೈತೆ. ಅಡುಗೆ ಮಾಡೋದಕ್ಕಲ್ಲ, ಮಾತಿಲ್ದೆ ಮಾಡೋದಕ್ಕೆ. ನೀ ಇಲ್ಲೇ ಮಣೆ ಹಾಕ್ಕಂಡು ಕುಂತ್ಕ. ನಾ ಮಾಡ್ತೀನಿ, ನೀ ಮಾತಾಡು."

ಅಂದಿನಿಂದ ನಮ್ಮ ಮನೆಯಲ್ಲಿ ಅದೇ ಪದ್ಧತಿಯಾಯಿತು. ಮಾವ ಒಲೆಯ ಮುಂದೆ, ನಾನು ಪಕ್ಕದಲ್ಲಿ ಮಣೆಯ ಮೇಲೆ. ಮಕ್ಕಳ ಕಾಪಿ ಪುಸ್ತಕ ತಿದ್ದುತ್ತಲೋ ಸೊಪ್ಪು ಸೋಸುತ್ತಲೋ ಶಾಲೆಯಲ್ಲಿ ನಡೆದದ್ದನ್ನೆಲ್ಲ ಹೇಳುತ್ತಿದ್ದೆ. ಅವರು ಕಲಿಸುತ್ತೇನೆಂದು ಕೂತವರಲ್ಲ. "ಇದನ್ನ ಸ್ವಲ್ಪ ಹಿಡ್ಕಳವ್ವ", "ಅದನ್ನೊಂಚೂರು ಕೆದಕು" ಎನ್ನುತ್ತಿದ್ದರು, ಅಷ್ಟೆ. ಹಾಗೆ ಹಿಡಿಯುತ್ತ ಕೆದಕುತ್ತ ನನ್ನ ಕೈಗೆ ಒಂದೊಂದಾಗಿ ಕೆಲಸ ಬಂತು. ಮೊದಲು ಅನ್ನ, ಆಮೇಲೆ ಸಾರು. ರೊಟ್ಟಿ ಬಡಿಯುವುದಕ್ಕೆ ಮಾತ್ರ ಬಹಳ ಕಾಲ ಹಿಡಿಯಿತು.

ಭಾನುವಾರ ಎಣ್ಣೆಗಾಯಿ. ಸಂತೇಬೆನ್ನೂರಿನ ಸಂತೆಗೆ ಹೋದವರ ಕೈಲಿ ಮಾವ ಬದನೆಕಾಯಿ ಹೇಳಿ ತರಿಸುತ್ತಿದ್ದರು. ಅಂಗೈಯಲ್ಲಿ ಮುಚ್ಚಿಹೋಗುವಂಥವು, ನೇರಳೆ ಬಣ್ಣದವು, ತೊಟ್ಟಿನಲ್ಲಿ ಇನ್ನೂ ಮುಳ್ಳಿರುವಂಥವು. ತೊಟ್ಟು ಬಿಡದಂತೆ ನಾಲ್ಕು ಸೀಳು ಮಾಡಿ ಉಪ್ಪು ನೀರಿಗೆ ಹಾಕುತ್ತಿದ್ದರು. ಶೇಂಗಾ ಹುರಿದು ಸಿಪ್ಪೆ ಊದುವುದು ನನ್ನ ಕೆಲಸ. ಗುರೆಳ್ಳು, ಕೊತ್ತಂಬರಿ ಬೀಜ, ಜೀರಿಗೆ, ಒಣಕೊಬ್ಬರಿ, ಬ್ಯಾಡಗಿ ಮೆಣಸಿನಕಾಯಿ, ಒಂದು ಚೂರು ಚಕ್ಕೆ, ಎಲ್ಲವನ್ನೂ ಅವರು ಬೇರೆ ಬೇರೆಯಾಗಿ ಹುರಿಯುತ್ತಿದ್ದರು. ಒಟ್ಟಿಗೆ ಹಾಕಿದರೆ ಬೇಗ ಆಗುತ್ತದಲ್ಲ ಮಾವ ಎಂದು ಕೇಳಿದ್ದೆ.

"ಕೊಬ್ಬರಿ ಕೆಂಪಾಗೋದ್ರೊಳಗೆ ಜೀರಿಗೆ ಸೀದೋಗ್ತೈತೆ. ಒಬ್ಬೊಬ್ಬರದು ಒಂದೊಂದು ಸ್ವಭಾವ. ನಿನ್ನ ಕ್ಲಾಸಿನ ಹುಡುಗ್ರಂಗೇ" ಎಂದರು.

ಒರಳಲ್ಲಿ ಹುಣಸೆಹಣ್ಣು ಬೆಲ್ಲ ಸೇರಿಸಿ ರುಬ್ಬಿ, ಆ ಮಸಾಲೆಯನ್ನು ಸೀಳಿಗೆ ತುಂಬಿ, ಎಣ್ಣೆಯಲ್ಲಿ ಈರುಳ್ಳಿ ಬಾಡಿಸಿ ಬದನೆಕಾಯಿಗಳನ್ನು ಇಳಿಬಿಟ್ಟ ಮೇಲೆ ಕಟ್ಟಿಗೆ ಹೊರಗೆಳೆದು ಉರಿ ತಗ್ಗಿಸುತ್ತಿದ್ದರು. ಮೇಲೆ ಎಣ್ಣೆ ತೇಲುವವರೆಗೂ ಯಾರೂ ಮುಚ್ಚಿದ ತಟ್ಟೆ ಸರಿಸುವಂತಿರಲಿಲ್ಲ. ನನ್ನ ಗಂಡ ಅಲ್ಲೇ ಸುಳಿದಾಡುತ್ತಿದ್ದರೆ ಹೊರಗೆ ಓಡಿಸುತ್ತಿದ್ದರು.

ಅಂಥದ್ದೇ ಒಂದು ಭಾನುವಾರ ನ್ಯಾಮತಿಯಿಂದ ಮಾವನ ಅಕ್ಕ ಬಂದರು. ಹೇಳಿ ಕಳಿಸದೆ ಬಂದಿದ್ದರು. ಕೈಚೀಲ ಹಿಡಿದು ಅಡುಗೆಮನೆಯ ಬಾಗಿಲಿಗೆ ಬಂದಾಗ ಮಾವ ಒಲೆಯ ಮುಂದೆ ಬೆವರುತ್ತಿದ್ದರು. ನಾನು ಮಣೆಯ ಮೇಲೆ ಕೂತು ಕೆಂಪು ಪೆನ್ನಿನಲ್ಲಿ ಮಗ್ಗಿ ತಿದ್ದುತ್ತಿದ್ದೆ.

"ಏನೋ ಇದು! ಮನೆಗೆ ಸೊಸೆ ಬಂದು ಮೂರು ತಿಂಗ್ಳಾತು. ಇನ್ನೂ ನೀನೇ ಒಲೆ ಊದ್ತಾ ಕುಂತಿದೀಯಾ?"

ನಾನು ದಡಬಡಿಸಿ ಎದ್ದೆ. ಪುಸ್ತಕಗಳೆಲ್ಲ ನೆಲಕ್ಕೆ ಬಿದ್ದವು.

"ಬಾ ಅಕ್ಕ, ಕೈಕಾಲು ತೊಳ್ಕ. ಎಣ್ಗಾಯಿ ಆಗ್ತಾ ಐತೆ" ಎಂದರು ಮಾವ, ತಿರುಗಿಯೂ ನೋಡದೆ.

"ನಂಗೇನೂ ಬ್ಯಾಡ" ಎಂದು ಅವರು ಹೊರಗೆ ಜಗುಲಿಯ ಮೇಲೆ ಹೋಗಿ ಕೂತುಬಿಟ್ಟರು.

ಬಿದ್ದ ಪುಸ್ತಕಗಳನ್ನು ಬಾಚಿ ಮಣೆಯ ಮೇಲಿಟ್ಟೆ. ಗಂಡ ಮನೆಯಲ್ಲಿರಲಿಲ್ಲ. ಮಾವ ಸೌಟಿನಿಂದಲೇ ಜಗುಲಿಯತ್ತ ತೋರಿಸಿ, "ನೀ ಹೋಗಿ ನೀರು ಕೊಡವ್ವ. ಇರೋದನ್ನ ಇದ್ದಂಗೆ ಹೇಳು, ನಮ್ಮಕ್ಕ ಮನುಷ್ಯಳೇ" ಎಂದರು. ತಂಬಿಗೆಯಲ್ಲಿ ನೀರು ತೆಗೆದುಕೊಂಡು ಹೋದೆ. ಅವರು ಮುಖ ಆ ಕಡೆ ಮಾಡಿಕೊಂಡಿದ್ದರು.

"ಅತ್ತೆ, ನಂಗೆ ಅಡುಗೆ ಬರ್ತಿರ್ಲಿಲ್ಲ. ಸಣ್ಣೋಳಿದ್ದಾಗಿಂದ ಹಾಸ್ಟೆಲ್‌ನಾಗೆ ಬೆಳ್ದೋಳು ನಾನು. ಈಗ ಮಾವನ ಹತ್ರ ಕಲೀತಾ ಇದೀನಿ."

"ನಿಮ್ಮವ್ವ ಏನೂ ಹೇಳ್ಕೊಡ್ಲಿಲ್ವಾ?"

"ರಜಕ್ಕೆ ಬಂದ ಮಗಳ ಕೈಲಿ ಕೆಲಸ ಮಾಡ್ಸಾಕೆ ಅವ್ವನಿಗೆ ಮನಸು ಬರ್ತಿರ್ಲಿಲ್ಲ."

ಅತ್ತೆ ನನ್ನತ್ತ ತಿರುಗಿದರು. ಆಮೇಲೆ ತಂಬಿಗೆ ತೆಗೆದುಕೊಂಡು ನೀರು ಕುಡಿದು, ಸೆರಗಿನಿಂದ ಬಾಯೊರೆಸಿಕೊಂಡು ಪಕ್ಕದಲ್ಲಿ ಕೂರಲು ಕೈ ಮಾಡಿದರು.

"ಇವನಿಗೂ ಏನೂ ಬರ್ತಿರ್ಲಿಲ್ಲ ಕಣವ್ವ. ಹೆಂಡ್ತಿ ಹೋದಾಗ ಮಗುಗೆ ಒಂದು ಗಂಜಿ ಕಾಯ್ಸಾಕೂ ಬರ್ತಿರ್ಲಿಲ್ಲ. ನಾನೇ ಬಂದು ಇದ್ದು ಎಲ್ಲ ಹೇಳ್ಕೊಟ್ಟೆ. ಇನ್ನೊಂದು ಮದ್ವಿ ಮಾಡ್ಕಳೋ ಅಂದ್ರೆ ಬ್ಯಾಡ ಅಂದ. ಬಂದೋಳು ಮಗೂನ ಹೆಂಗೆ ನೋಡ್ಕಂತಾಳೋ, ಅದರ ಬದ್ಲು ನಾನೇ ಅಡುಗೆ ಕಲೀತೀನಿ ಅಂದ. ಅದಕ್ಕೇ ಸಿಟ್ಟು ಮಾಡ್ಕಂಡು ಹೋಗಿದ್ದೆ ನಾನು."

ಒಳಗಿನಿಂದ ಮಾವ ಕೂಗಿದರು: "ಅಕ್ಕಾ, ಎಣ್ಣೆ ಬಿಟ್ಟೈತೆ. ಬರ್ತೀಯೋ, ನಾವಷ್ಟೇ ಉಣ್ಣಾಣೋ?"

ಅತ್ತೆ ಎದ್ದರು. ರೊಟ್ಟಿಯ ಜೊತೆ ಒಂದು ತುತ್ತು ಬಾಯಿಗಿಟ್ಟು ಹುಬ್ಬು ಗಂಟಿಕ್ಕಿದರು.

"ಗುರೆಳ್ಳು ಕಮ್ಮಿ ಆಗೈತೆ. ನಾ ಹಿಂಗೇನೋ ಹೇಳ್ಕೊಟ್ಟಿದ್ದು?"

"ನೀ ಹೇಳ್ಕೊಟ್ಟಷ್ಟು ಹಾಕಿದ್ರೆ ಕಹಿ ಬರ್ತೈತೆ ಅಕ್ಕ. ನಿನ್ ಮುಂದೆ ಹೇಳಾಕೆ ಅವತ್ತು ಧೈರ್ಯ ಇರ್ಲಿಲ್ಲ."

"ಇಷ್ಟು ವರ್ಷಕ್ಕೆ ಬಂತೇನು ಧೈರ್ಯ?"

"ಸೊಸೆ ಬಂದಾಳಲ್ಲ, ನನ್ ಕಡೆಗೂ ಒಬ್ರು ಆದ್ರು."

ಅತ್ತೆ ನಗು ತಡೆಯಲಾರದೆ ಸೆರಗು ಬಾಯಿಗೆ ಇಟ್ಟುಕೊಂಡರು. ಆ ದಿನ ಅಕ್ಕ ತಮ್ಮ ಇಬ್ಬರೂ ಜಗಳವಾಡುತ್ತಲೇ ಉಂಡರು. ಅತ್ತೆ ಮತ್ತೆ ಮತ್ತೆ ಹಾಕಿಸಿಕೊಂಡರು.

ಅತ್ತೆ ಒಂದು ವಾರ ಉಳಿದರು. ಪಕ್ಕದ ಮನೆಯಾಕೆಗೆ ನಮ್ಮ ಮನೆಯ ವಿಷಯ ಬಹಳ ದಿನದಿಂದ ಕಚಗುಳಿ ಇಡುತ್ತಿತ್ತು. ಅತ್ತೆ ಸಿಕ್ಕಿದ್ದೇ ಸಮಯವೆಂದು, "ನಿಮ್ಮ ಟೀಚರಮ್ಮ ಅಡುಗೇನೇ ಮಾಡಲ್ವಂತಲ್ರೀ, ಮಾವನ ಕೈಲಿ ಮಾಡ್ಸಿ ಉಣ್ತಾರಂತೆ" ಎಂದಳು. ನಾನು ಹಿತ್ತಲಲ್ಲಿ ಬಟ್ಟೆ ಹಿಂಡುತ್ತಿದ್ದೆ, ಎಲ್ಲ ಕೇಳಿಸಿತು.

"ನಮ್ಮ ಮನೆ ಒಲೆ, ನಮ್ಮ ತಮ್ಮ ಹಚ್ತಾನೆ. ನಿಮ್ಮನೆಗೇನಾದ್ರೂ ಹೊಗೆ ಬಂತೇನ್ರೀ?" ಎಂದರು ಅತ್ತೆ.

ಆಮೇಲೆ ಆ ಊರಲ್ಲಿ ನನ್ನ ಮುಂದೆ ಯಾರೂ ಆ ಮಾತೆತ್ತಲಿಲ್ಲ.

ಎರಡು ಮಳೆಗಾಲ ಕಳೆದ ಮೇಲೆ ಮಾವ ತೂಬಿನ ಹತ್ತಿರ ಪಾಚಿಯಲ್ಲಿ ಕಾಲು ಜಾರಿ ಬಿದ್ದು ಬಲಗೈ ಮುರಿದುಕೊಂಡರು. ಗಂಡ ಹೊನ್ನಾಳಿಗೆ ಕರೆದುಕೊಂಡು ಹೋಗಿ ಕಟ್ಟು ಹಾಕಿಸಿಕೊಂಡು ಬಂದ. ಕೈಯನ್ನು ಕೊರಳಿಗೆ ತೂಗುಹಾಕಿಕೊಂಡು ಮಾವ ಈಗ ನನ್ನ ಮಣೆಯ ಮೇಲೆ ಕೂತರು, ನಾನು ಒಲೆಯ ಮುಂದೆ. ಅನ್ನ ಸಾರೇನೋ ಆಗುತ್ತಿತ್ತು. ಭಾನುವಾರ ಬದನೆಕಾಯಿ ಬಂದಾಗ ಮಾತ್ರ ನಾನು ಅವರ ಮುಖ ನೋಡಿದೆ.

"ಎಷ್ಟೆಷ್ಟು ಹಾಕ್ಬೇಕು ಹೇಳಿ ಮಾವ."

"ನಾ ಹೇಳಲ್ಲ" ಎಂದರು. ನನಗೆ ಗಾಬರಿಯಾಯಿತು. ಅವರು ಸಮಾಧಾನದಲ್ಲಿ ಹೇಳಿದರು: "ಹೇಳಿದ್ರೆ ಅದು ನನ್ ಅಡುಗೆ ಆಗ್ತೈತೆ. ನೀ ಮಾಡು. ಹೆಂಗಾದ್ರೂ ಆಗ್ಲಿ, ನಿಂದಾಗ್ಲಿ."

ಗುರೆಳ್ಳು ಕೈಗೆತ್ತಿಕೊಂಡಾಗ ಅಕ್ಕ ತಮ್ಮನ ಜಗಳ ನೆನಪಾಗಿ ಎಷ್ಟೆಂದು ತೋಚದೆ ಡಬ್ಬಿಯನ್ನೇ ಪಕ್ಕಕ್ಕಿಟ್ಟೆ. ಬದಲಿಗೆ ಶೇಂಗಾ ಹೆಚ್ಚು ಹಾಕಿದೆ, ನಮ್ಮ ಜಗಳೂರು ಕಡೆ ಹಾಕುವ ಹಾಗೆ. ಬೆಳ್ಳುಳ್ಳಿಯನ್ನು ಸುಟ್ಟು ರುಬ್ಬಿದೆ. ಅವ್ವ ಹಾಗೆ ಮಾಡುತ್ತಿದ್ದಳೆಂದು ಎಲ್ಲಿಂದಲೋ ನೆನಪಾಯಿತು. ಅವ್ವ ಕಲಿಸಿರಲಿಲ್ಲ, ಆದರೆ ನಾನು ಉಂಡಿದ್ದೆನಲ್ಲ. ಉಪ್ಪು ಒಂದು ಕೈ ಜಾಸ್ತಿಯೇ ಆಗಿತ್ತು, ತಳ ಸ್ವಲ್ಪ ಹಿಡಿದಿತ್ತು.

ಮಾವ ಎಡಗೈಯಲ್ಲಿ ಉಣ್ಣಲು ಹೆಣಗುವುದನ್ನು ನೋಡಲಾರದೆ ಗಂಡ ತುತ್ತು ಮಾಡಿ ಅಪ್ಪನ ಬಾಯಿಗಿಟ್ಟ. ಅವರು ಕಣ್ಣು ಮುಚ್ಚಿಕೊಂಡು ಅಗಿದರು.

"ಇದು ಬೇರೇನೇ ಐತೆ" ಎಂದರು. "ಚೆನ್ನಾಗೈತೆ. ಉಪ್ಪು ಮುಂದಾಗೈತೆ. ಇನ್ನೊಂದು ಹಾಕವ್ವ."

ನಾನು ಬಡಿಸಲು ಬಗ್ಗಿದವಳು ಹಾಗೇ ಅತ್ತುಬಿಟ್ಟೆ. ಸುಖಕ್ಕೇ ಅತ್ತದ್ದು. ಗಂಡ ಕೈಯಲ್ಲಿ ತುತ್ತು ಹಿಡಿದು ಇಬ್ಬರನ್ನೂ ನೋಡುತ್ತ ಕೂತಿದ್ದ.

ಎಂಬತ್ತರ ದಶಕದ ಮೊದಲಲ್ಲಿ ನಮಗಿಬ್ಬರಿಗೂ ಜಗಳೂರಿಗೆ ವರ್ಗವಾಯಿತು. ಮಾವ ಅಷ್ಟು ಹೊತ್ತಿಗೆ ರಿಟೈರಾಗಿದ್ದರು, ನಮ್ಮ ಜೊತೆಗೇ ಬಂದರು. ನೀರು ಕಂಡು ಬೆಳೆದವರು ಈ ಒಣ ಊರಲ್ಲಿ ಹೇಗಿರುತ್ತಾರೋ ಎಂದು ನಾನು ಅಂಜಿದ್ದೆ. ಅವರು ಒಂದೇ ತಿಂಗಳಲ್ಲಿ ಸಂತೆಯ ಕಾಯಿಪಲ್ಯದವರನ್ನೆಲ್ಲ ಪರಿಚಯ ಮಾಡಿಕೊಂಡರು. ಬೇಸಿಗೆಯಲ್ಲಿ ಬದನೆಕಾಯಿ ಸಿಗದಿದ್ದರೆ ಅದೇ ಮಸಾಲೆಯನ್ನು ಈರುಳ್ಳಿಗೆ ತುಂಬಿ ಮಾಡಿದರು, ಹೀರೆಕಾಯಿಗೆ ತುಂಬಿ ಮಾಡಿದರು. ಬೀದಿಯ ಹೆಂಗಸರು ಬಟ್ಟಲು ಹಿಡಿದು ಬರುವಂತಾಯಿತು.

ಆಗಲೇ ನಾನು ಅಂಚೆಯಲ್ಲಿ ಬಿ.ಎ. ಕಟ್ಟಿದೆ. ಮನೆ, ಶಾಲೆ, ಪುಟ್ಟ ಮಗಳು ಎಲ್ಲ ಇಟ್ಟುಕೊಂಡು ಆಗುವ ಮಾತಲ್ಲವೆಂದು ನಾನೇ ಹಿಂಜರಿದಿದ್ದೆ. ಫಾರಂ ತಂದುಕೊಟ್ಟವನು ಗಂಡ, ಧೈರ್ಯ ಕೊಟ್ಟವರು ಮಾವ.

"ಬೆಳಗಿನ ಹೊತ್ತು ಒಲೆ ನಂದು. ನೀ ಓದ್ಕ" ಎಂದರು.

ಬೆಳಿಗ್ಗೆ ನಾನು ಇತಿಹಾಸ ಓದುತ್ತಿದ್ದರೆ ಅಡುಗೆಮನೆಯಿಂದ ಒಗ್ಗರಣೆಯ ಸದ್ದು ಕೇಳುತ್ತಿತ್ತು. ಮಗಳು ತಾತನ ಬೆನ್ನಿಗೆ ಜೋತುಬಿದ್ದಿರುತ್ತಿದ್ದಳು. ನನ್ನ ವಾರಗೆಯ ಎಷ್ಟೋ ಟೀಚರುಗಳಿಗೆ ಓದುವ ಆಸೆ ನನ್ನಷ್ಟೇ ಇತ್ತು, ನನಗಿಂತ ಹೆಚ್ಚೇ ಇತ್ತು. ಬೆಳಗಿನ ಆ ಹೊತ್ತನ್ನು ಬಿಟ್ಟುಕೊಡುವವರು ಅವರ ಮನೆಯಲ್ಲಿ ಇರಲಿಲ್ಲ. ನನಗೆ ಇದ್ದರು. ನಾನು ಪಾಸಾದೆ, ಬಿ.ಇಡಿ. ಮಾಡಿದೆ, ಹೈಸ್ಕೂಲಿಗೆ ಹೋದೆ. ಆರ್ಡರ್ ಬಂದ ದಿನ ಮಾವ ಅದನ್ನು ಎರಡು ಸಲ ನನ್ನಿಂದಲೇ ಓದಿಸಿ ಕೇಳಿದರು.

ಆ ದಶಕ ಮುಗಿಯುವ ಮೊದಲೇ ಅವರು ತೀರಿಕೊಂಡರು. ಹೆಚ್ಚು ನರಳಲಿಲ್ಲ. ಕೊನೆಯ ವಾರಗಳಲ್ಲಿ ಹಲ್ಲಿಲ್ಲದ ಬಾಯಿಗೆ ಬದನೆಕಾಯಿಯನ್ನು ಹಿಸುಕಿ, ಅನ್ನಕ್ಕೆ ಕಲಸಿ ಕೊಡುತ್ತಿದ್ದೆ. ನಾನು ಕೊಟ್ಟದ್ದನ್ನು ಒಂದು ದಿನವೂ ಬೇಡ ಎನ್ನಲಿಲ್ಲ.

ಮುಂದೊಂದು ಬೇಸಿಗೆಯಲ್ಲಿ ನಾನು ಪರೀಕ್ಷೆಯ ಉತ್ತರ ಪತ್ರಿಕೆ ತಿದ್ದುವ ಕೆಲಸದಿಂದ ದಣಿದು ಮನೆಗೆ ಬಂದೆ. ಬಾಗಿಲಲ್ಲೇ ಶೇಂಗಾ ಸೀದ ವಾಸನೆ ಬಡಿಯಿತು. ಅಡುಗೆಮನೆಯಲ್ಲಿ ಪಂಪ್ ಸ್ಟೋವಿನ ಮುಂದೆ ನನ್ನ ಗಂಡ ಬನಿಯನ್ನಿನಲ್ಲಿ ನಿಂತಿದ್ದ. ಹುಟ್ಟಿದಾಗಿನಿಂದ ಒಂದು ಲೋಟ ಚಹಾ ಕೂಡ ಮಾಡಿದವನಲ್ಲ.

"ಅಪ್ಪ ಮಾಡೋದನ್ನ ದಿನಾ ನೋಡಿದ್ದೆ. ಸುಲಭ ಅನ್ಕಂಡಿದ್ದೆ" ಎಂದ, ಮುಖ ಚಿಕ್ಕದು ಮಾಡಿಕೊಂಡು.

ನಾನು ಚೀಲ ಕೆಳಗಿಟ್ಟು ಬಾಣಲೆ ನೋಡಿದೆ. ಅರ್ಧ ಕರಕಲಾಗಿತ್ತು. ಇಬ್ಬರೂ ನೆಲದ ಮೇಲೆ ಕೂತು ಮೊರಕ್ಕೆ ಸುರಿದುಕೊಂಡು ಸೀದದ್ದನ್ನು ಆರಿಸಿದೆವು. ಉಳಿದದ್ದು ಆ ಹೊತ್ತಿನ ಮಸಾಲೆಗೆ ಸಾಕಾಯಿತು.