ಅವ್ವನ ನಗು ಅಳಿಸಿದವರು

ಹೋದ ವಾರ ನಂಜನಗೂಡಿನ ಮನೆಯ ಅಟ್ಟ ಖಾಲಿ ಮಾಡಿಸುವಾಗ ಒಂದು ಹಳೆಯ ಹೆಡ್‌ಫೋನ್ ಸಿಕ್ಕಿತು. ಕಿವಿಯ ಸ್ಪಂಜು ಪುಡಿಯಾಗಿ ಬೆರಳಿಗೆಲ್ಲ ಕಪ್ಪಗೆ ಮೆತ್ತಿಕೊಂಡಿತು. ಸೋಪು ಹಾಕಿ ತೊಳೆದರೂ ಉಗುರಿನ ಸಂದಿಯಲ್ಲಿ ಉಳಿಯಿತು... ಅದು ಪಕ್ಕದ ಮನೆಯ ಎಡಿಟರ್ ಮಾವನದು.

ಅವರು ಹೆಮ್ಮಿಗೆ ಕಡೆಯವರು. ಬೆಂಗಳೂರಿನ ಟಿವಿ ಚಾನೆಲ್ ಒಂದರಲ್ಲಿ ಹಾಸ್ಯ ಧಾರಾವಾಹಿ ಎಡಿಟ್ ಮಾಡುತ್ತಿದ್ದರು. ಭಾನುವಾರ ಮನೆಗೆ ಬರುತ್ತಿದ್ದರು. ನಟರ ಮುಖ ಊರಿಗೆಲ್ಲ ಗೊತ್ತಿತ್ತು. ಮಾವನ ಹೆಸರು ಮಾತ್ರ ಕೊನೆಯಲ್ಲಿ, ನಾವು ಓದುವಷ್ಟರೊಳಗೆ ಹೋಗಿಬಿಡುತ್ತಿತ್ತು. ಮಾತನ್ನು ಎಲ್ಲಿ ಕತ್ತರಿಸಬೇಕು, ಅದರ ಹಿಂದೆ ಜನರ ನಗು ಎಲ್ಲಿ ಸೇರಿಸಬೇಕು ಎನ್ನುವುದು ಅವರ ಕೆಲಸ. ಚಾನೆಲ್‌ನಲ್ಲಿದ್ದ ರೆಡಿ ನಗು ಅವರಿಗೆ ಹಿಡಿಸುತ್ತಿರಲಿಲ್ಲ. "ಅದು ನಮ್ ಕಡೆ ನಗ ಅಲ್ಲ ಕಣಕ್ಕ," ಎಂದು ಅವ್ವನ ಮುಂದೆ ರೆಕಾರ್ಡರ್ ಇಟ್ಟು ಏನೋ ಹೇಳಿ ನಗಿಸಿದರು. ಅವ್ವ ಸೆರಗನ್ನು ಬಾಯಿಗೆ ಒತ್ತಿಕೊಂಡು, ತಡೆಯಲಾರದೆ, ಕೊನೆಗೆ ಉಸಿರೆಳೆದುಕೊಂಡು ನಕ್ಕಳು. ಆ ನಗು ವಾರವಾರ ಟಿವಿಯಲ್ಲಿ ಬರತೊಡಗಿತು. ಬೀದಿಯವರು ಗುರುತು ಹಿಡಿದು ಅವ್ವನನ್ನು ರೇಗಿಸುತ್ತಿದ್ದರು.

ಆ ವರ್ಷವೇ ಅವ್ವ ಜ್ವರ ಬಂದು ಹೋದಳು. ತಿಥಿ ಮುಗಿದ ಮೇಲೆ ಒಂದು ಸಂಜೆ ಅಪ್ಪ ಊಟಕ್ಕೆ ಕೂತಿದ್ದರು. ಎದುರುಮನೆಯ ಟಿವಿಯಿಂದ ಅವ್ವ ನಕ್ಕಳು. ಅದರಾಚೆಯ ಮನೆಯಿಂದಲೂ ಅದೇ ನಗು... ಅಪ್ಪ ಕೈಯಲ್ಲಿದ್ದ ಮುದ್ದೆಯನ್ನು ತಟ್ಟೆಗಿಟ್ಟು ಎದ್ದರು.

ಭಾನುವಾರ ಮಾವನಿಗೆ ಹೇಳಿದರು: "ಅವಳ್ದು ತೆಗ್ದಾಕ್ಬುಡಪ್ಪ. ಸತ್ತೋಳು ಇಂಗೆ ಮನೆಮನೇಲಿ ನಗ್ತಿದ್ರೆ ತುತ್ತು ಇಳಿಯಾಕಿಲ್ಲ."

"ಆಯ್ತು ಭಾವ."

ಮುಂದಿನ ವಾರದಿಂದ ಆ ನಗು ಬರಲಿಲ್ಲ. ಆದರೆ ಅಪ್ಪ ತಾವೇ ಟಿವಿ ಹಾಕಿಕೊಂಡು ಕೂರತೊಡಗಿದರು. ಚಿತ್ರ ನೋಡುತ್ತಿರಲಿಲ್ಲ, ತಲೆ ಓರೆ ಮಾಡಿ ಕಿವಿ ಕೊಟ್ಟಿರುತ್ತಿದ್ದರು. ಕೊನೆಗೊಂದು ದಿನ, "ಒಂದ್ಸಲ ಕೇಳಿಸ್ತೀಯೇನಪ್ಪ," ಎಂದು ಮಾವನನ್ನು ಕೇಳಿದರು. ಮಾವ ತಲೆ ತಗ್ಗಿಸಿದರು. ಅಪ್ಪ ಬೇಡವೆಂದ ಮೇಲೆ ಅಸಲು ರೆಕಾರ್ಡಿಂಗನ್ನೇ ಅಳಿಸಿಬಿಟ್ಟಿದ್ದರು. ಹಳೆಯ ಕಂತುಗಳಲ್ಲಿ ಹುಡುಕಿ ತರುತ್ತೇನೆಂದು ಹೋದರು.

ಮತ್ತೆ ಬಂದಾಗ ರೆಕಾರ್ಡರ್ ತಂದು, ಜಗಲಿಯ ಮೇಲೆ ಅಪ್ಪನ ಕಿವಿಗೆ ಹೆಡ್‌ಫೋನ್ ಇಟ್ಟರು. ನನಗೇನೂ ಕೇಳಿಸಲಿಲ್ಲ. ಅಪ್ಪ ಕಣ್ಣು ಮುಚ್ಚಿ ಪೂರ್ತಿ ಕೇಳಿದರು. "ಸಾಕು ಕಣಪ್ಪ. ಚೆನ್ನಾಗಿ ನಕ್ಕವ್ಳೆ," ಎಂದು ಒಳಗೆ ಹೋದರು.

ಬೀದಿಗಿಳಿದ ಮೇಲೆ ಮಾವ ನನಗೆ ಹೇಳಿದರು: "ಸಿಕ್ನಿಲ್ಲ ಕಣೋ. ಹಳೇ ಟೇಪಿನ ಮೇಲೆಲ್ಲ ಬೇರೆ ಪ್ರೋಗ್ರಾಂ ತುಂಬ್ಬುಟ್ಟವ್ರೆ. ಬೇರೆಯೋರ ನಗನೇ ತಂದು ಜೋಡಿಸ್ದೆ. ನಿಮ್ಮಪ್ಪಂಗೆ ಗೊತ್ತಾಯ್ತು ಅನ್ಸುತ್ತೆ." ಹೆಡ್‌ಫೋನನ್ನು ನನ್ನ ಕೈಗಿಟ್ಟು ಹೊರಟುಹೋದರು.

ಆಮೇಲೆ ಅವರು ಹಾಸ್ಯದ ತಂಟೆಗೆ ಹೋಗಲಿಲ್ಲ. ಚಾನೆಲ್ ಬಿಟ್ಟು ಟಿ. ನರಸೀಪುರದಲ್ಲಿ ಮದುವೆ ವಿಡಿಯೊ ಎಡಿಟ್ ಮಾಡಿಕೊಂಡಿದ್ದರು. ಬರೀ ಹಾಡು ಹಾಕಿ, ಜನರ ದನಿಯನ್ನು ಪೂರ್ತಿ ತೆಗೆದುಬಿಡುತ್ತಿದ್ದರಂತೆ... ಅಪ್ಪ ತೀರಿಕೊಂಡರು. ಮಾವ ಹೋದದ್ದು ನನಗೆ ತಡವಾಗಿ ತಿಳಿಯಿತು.

ಯಾರೋ ಮನೆಯಲ್ಲಿ ಕ್ಯಾಸೆಟ್ಟಿಗೆ ಹಿಡಿದಿಟ್ಟಿದ್ದ ಆ ಧಾರಾವಾಹಿಯ ತುಣುಕುಗಳು ಈಗ ಫೋನಿನಲ್ಲಿ ಓಡಾಡುತ್ತಿವೆ. ಮೊನ್ನೆ ಬಂದ ಒಂದರಲ್ಲಿ ಹೆಂಗಸೊಬ್ಬಳು ನಕ್ಕಳು. ಮತ್ತೆ ಮತ್ತೆ ಹಾಕಿ ಕೇಳಿದೆ. ಅಪ್ಪನೋ ಮಾವನೋ ಇದ್ದಿದ್ದರೆ ಒಂದೇ ಸಲಕ್ಕೆ ಹೇಳುತ್ತಿದ್ದರು. ನನಗೆ ಗುರುತು ಸಿಗಲಿಲ್ಲ.