ದೆವ್ವಕ್ಕೆ ಕೊಟ್ಟ ಮಾತು

ದೆವ್ವಕ್ಕೆ ಮಾತು ಕೊಟ್ಟು ತಪ್ಪಿದವರು ಮಣ್ಣಾಗಿ ಹೋಗುತ್ತಾರೆ ಎನ್ನುವ ಕಥೆಗಳ ಮೇಲೆ ನನಗೆ ಇವತ್ತಿಗೂ ಸಿಟ್ಟು. ಹುಕ್ಕೇರಿ ಕಡೆಯ ನಮ್ಮ ಹಳ್ಳಿಯಲ್ಲಿ ಆಯಿ, ಅಂದರೆ ಅಪ್ಪನ ತಾಯಿ, ಜೋಳ ಬೀಸುತ್ತ ಅಂಥವನ್ನೇ ಹೇಳುತ್ತಿದ್ದಳು. ಸಾಹುಕಾರ ರಕ್ಕಸನಿಗೆ ಏನೋ ಮಾತು ಕೊಡುತ್ತಾನೆ, ಆಮೇಲೆ ಜಾಣತನ ಮಾಡುತ್ತಾನೆ, ರಕ್ಕಸ ಬಂದು ಅವನ ಮನೆಯನ್ನೇ ನುಂಗುತ್ತಾನೆ. ಎಲ್ಲಿ ನುಂಗಿದ? ನಮ್ಮ ಮನೆಯಲ್ಲಿ ಮಾತು ತಪ್ಪಿದವರು ಉಂಡು, ಎಲೆ ಅಡಿಕೆ ಹಾಕಿಕೊಂಡು ಆರಾಮಾಗಿದ್ದರು.

ಸ್ವಾತಂತ್ರ್ಯ ಬಂದು ನಾಲ್ಕೈದು ವರ್ಷವಾಗಿರಬೇಕು. ಅಕ್ಕನನ್ನು ಮೂಡಲಗಿ ಕಡೆ ಕೊಟ್ಟಿದ್ದರು. ಎರಡು ಸಲ ಬಸಿರು ನಿಂತು, ಎರಡೂ ಸಲ ಹೋಗಿತ್ತು. ಗಂಡನ ಮನೆಯವರು ಅವಳ ಕೈಲಿ ಬಾವಿ ನೀರು ಹೊರಿಸುವುದನ್ನು ಬಿಟ್ಟಿರಲಿಲ್ಲ. ಮತ್ತೆ ಬಸಿರಾಗಿ ಹಬ್ಬಕ್ಕೆ ಬಂದವಳು, ಹೆರಿಗೆಯಾಗುವವರೆಗೆ ಇಲ್ಲೇ ಇರುತ್ತೇನೆ ಎಂದು ಅವ್ವನ ಮುಂದೆ ಅತ್ತಳು. ಅವ್ವ ಅಪ್ಪನಿಗೆ ಹೇಳಿದಳು.

"ಕುಬಸಾ ಆದಮ್ಯಾಲ ಕಳಸ್ತೇವಿ ಅಂದಾರ ಬೀಗರು. ಅಲ್ಲೀತನಾ ಅಲ್ಲೇ ಇರ್ಲಿ. ಹೆಂಗಸರ ಮಾತ್ ಕೇಳಿ ಬೀಗತನ ಕೆಡಿಸ್ಕೊಳ್ಳಲೇನು?" ಎಂದ ಅಪ್ಪ. ಕುಬಸ ಅಂದರೆ ನಮ್ಮ ಕಡೆಯ ಸೀಮಂತ.

ಮರುದಿನ ಅಕ್ಕ ಕೂದಲು ಬಿಚ್ಚಿಕೊಂಡು ಪಡಸಾಲೆಯಲ್ಲಿ ತೂಗತೊಡಗಿದಳು. ಗಾಳಿ ಬಡಿದೈತಿ ಅಂದರು, ದೆವ್ವ ಬಿಡಿಸುವ ಮುದುಕನನ್ನು ಕರೆಸಿದರು. ನಮ್ಮ ಕಡೆ ದೆವ್ವಕ್ಕೆ ಏನು ಬೇಕೆಂದು ಕೇಳಿ, ಒಪ್ಪಿಸಿ ಕಳಿಸುತ್ತಾರೆ. ಮಗಳನ್ನು ಹಾಗೆ ಒಬ್ಬರೂ ಕೇಳಿದ್ದಿಲ್ಲ!

"ಸೀರಿ ಬೇಕೇನು? ಹೋಳಿಗಿ ಬೇಕೇನು?" ಎಂದ ಮುದುಕ.

"ಏನೂ ಒಲ್ಲೆ. ಹಡಿಯೂತನಾ ಈ ಹುಡುಗೀನ್ನ ಇಲ್ಲಿಂದ ಕಳಸಬ್ಯಾಡ. ಕಳಸಿದ್ರ ನಾ ಬಿಡೂದಿಲ್ಲ!" ಅಕ್ಕನ ದನಿ ಗಂಡಸಿನದಾಗಿತ್ತು.

ಅಪ್ಪ ದೇವರ ಭಂಡಾರದ ಅರಿಶಿನ ಮುಟ್ಟಿ ಆಣೆ ಮಾಡಿದ. "ಕಳಸೂದಿಲ್ಲ. ಬಿಟ್ಟು ಹೋಗಪಾ." ಅಕ್ಕ ಕುಸಿದು ಬಿದ್ದಳು. ಅದು ದೆವ್ವವೋ ಅಕ್ಕನೋ ನನಗೆ ಗೊತ್ತಿಲ್ಲ, ಬೇಕಾಗಿಯೂ ಇಲ್ಲ. ಆಮೇಲಿನ ದಿನಗಳಲ್ಲಿ ಅವಳು ನಗುನಗುತ್ತ ನನ್ನ ಹೆರಳು ಹಾಕಿದಳು.

ಬೀಗರು ಚಕ್ಕಡಿ ಹೂಡಿಕೊಂಡು ಬಂದರು. ಅಪ್ಪ ತಡವರಿಸಿದಾಗ ಅವನ ತಮ್ಮ, ನಮ್ಮ ಕಾಕಾ, ಅವನನ್ನು ಬಾಜೂಕ್ಕೆ ಕರೆದ. "ಅಣ್ಣಾ, ನೀ ಮಾತ್ ಕೊಟ್ಟಿದ್ದು ದೆವ್ವಕ್ಕ, ಮಗಳಿಗಲ್ಲ. ಅದು ಬಿಟ್ಟು ಹೋಗೇತಿ. ಇನ್ನ್ಯಾತರ ಆಣಿ?"

"ಖರೆ ಐತಿ ನೋಡು," ಎಂದು ಅಪ್ಪ ನಕ್ಕೇಬಿಟ್ಟ. ಥೂ! ಅಕ್ಕ ತನ್ನ ಗಂಟು ಎತ್ತಿಕೊಂಡಳು. ಹೋಗಿ ಚಕ್ಕಡಿ ಹತ್ತಿದಳು.

ಕುಬಸದ ಸೀರೆ ತರುವ ಮೊದಲೇ ಸುದ್ದಿ ಬಂತು. ತಾಯಿಯೂ ಇಲ್ಲ, ಕೂಸೂ ಇಲ್ಲ.

ಮಣ್ಣು ಮಾಡಿ ಬಂದವರು ಕೈಕಾಲು ತೊಳೆದು ಮಾಡಿದ ಮೊದಲ ಕೆಲಸವೇನು ಗೊತ್ತೇ? ಬಸಿರಲ್ಲಿ ಸತ್ತವಳು ತವರಿಗೆ ದೆವ್ವವಾಗಿ ಬರುತ್ತಾಳೆಂದು, ಅದೇ ಕಾಕಾ ನಮ್ಮ ಹೊಸ್ತಿಲಿಗೆ ಕಬ್ಬಿಣದ ಮೊಳೆ ಹೊಡೆದ. ಅಪ್ಪ ಪಕ್ಕದಲ್ಲಿ ನಿಂತು, ಇನ್ನೊಂದೇಟು ಹಾಕು ಎಂದ.

ಅಲ್ಲಿಯವರೆಗೆ ಗೋಡೆಗೆ ಒರಗಿ ಕೂತಿದ್ದ ಅವ್ವ ಎದ್ದಳು. ಇಕ್ಕಳ ತಂದು, ಹೊಸ್ತಿಲ ಮೇಲೆ ಮೊಣಕಾಲೂರಿ, ಆ ಮೊಳೆಯನ್ನು ಕಿತ್ತು ಅಪ್ಪನ ಕಾಲ ಬುಡಕ್ಕೆ ಒಗೆದಳು.

"ನನ್ನ ಮಗಳು ಬರ್ತಾಳ," ಎಂದಳು. "ಯಾರ್ ತಡೀತೀರಿ, ತಡೀರಿ ನೋಡೂಣು."