ಲಿಂಗ ಕಟ್ಟಿದ ಮನೆಯಲ್ಲೊಂದು ಕಡಲ ಮೀನು

ಮೊನ್ನೆ ಅಟ್ಟ ಗುಡಿಸುವಾಗ ಹಳೆಯ ಗಾಜಿನ ತೊಟ್ಟಿ ಸಿಕ್ಕಿತು. ಒಳಗೆ ಕೆಟ್ಟುಹೋದ ಒಂದು ಟಾರ್ಚು, ತಂತಿ ಜಾಲರಿಯ ಸುರುಳಿ. ಗಾಜಿನ ಮೇಲಂಚಿಗೆ ಸುತ್ತಲೂ ಬಿಳಿಯ ಉಪ್ಪಿನ ಗೆರೆ. ಬೆರಳಲ್ಲಿ ಸವರಿ ನಾಲಿಗೆಗಿಡಬೇಕೆನ್ನಿಸಿತು. ಕೊರಳಲ್ಲಿ ಲಿಂಗವಿದೆ ಎಂಬುದು ನೆನಪಾಗಿ ಸುಮ್ಮನಾದೆ. ನಿಮಗೆ ನಗು ಬರಬಹುದು. ಸಮುದ್ರವೆಲ್ಲಿ, ಗುಂಡ್ಲುಪೇಟೆಯೆಲ್ಲಿ. ಮೊಟ್ಟೆಯ ಹೆಸರನ್ನೂ ಎತ್ತದ ನಮ್ಮ ಮನೆಯಲ್ಲಿ, ಇದೇ ತೊಟ್ಟಿಯೊಳಗೆ ಕಡಲ ಮೀನೊಂದು ಸಂಸಾರ ಹೂಡಿತ್ತು.

ತೊಂಬತ್ತರ ದಶಕದ ಮಾತು. ನಮ್ಮ ಯಜಮಾನರದು ಈರುಳ್ಳಿ ವ್ಯಾಪಾರ. ಲೋಡು ಕಲ್ಲಿಕೋಟೆಗೆ ಹೋಗುತ್ತಿತ್ತು. ಬರುವಾಗ ಬೇರೆಯವರ ಗಂಡಂದಿರು ತೆಂಗಿನೆಣ್ಣೆ ತರುತ್ತಿದ್ದರು, ಹಲ್ವ ತರುತ್ತಿದ್ದರು. ನಮ್ಮವರು ಒಂದು ಸಲ ಗಾಜಿನ ತೊಟ್ಟಿ, ಕ್ಯಾನುಗಳ ತುಂಬ ಸಮುದ್ರದ ನೀರು, ಪಾಚಿ ಹಿಡಿದ ಹವಳದ ಕಲ್ಲು, ಬೆರಳುದ್ದದ ಎರಡು ನೀಲಿ ಮೀನು ತಂದರು. ಅಲ್ಲಿನ ಮಂಡಿ ಸಾಹುಕಾರರು ಪ್ರೀತಿಯಿಂದ ಕೊಟ್ಟದ್ದಂತೆ. ಪ್ರೀತಿ ತೋರಿಸಲು ಶಿವ ಮನುಷ್ಯನಿಗೆ ಎಷ್ಟು ದಾರಿ ಕೊಟ್ಟಿದ್ದಾನೆ ನೋಡಿ.

ನಮ್ಮತ್ತೆ ಬಾಗಿಲಲ್ಲೇ ಅಡ್ಡ ನಿಂತರು.

"ಏನ್ಲಾ ಅದು?"

"ಡ್ಯಾಮ್ಸೆಲ್ ಅಂತ ಕಣವ್ವ. ಸುಮ್ನೆ ನೋಡಕ್ಕೆ."

"ಮೀನು ತಾನೆ?"

"ಪಾಚಿ ತಿನ್ನೋ ಮೀನು ಕಣವ್ವ. ನಮ್ಮಂಗೇ, ಸೊಪ್ಪುಸದೆ."

"ಅಂಗಾದ್ರೆ ಅದ್ಕೂ ಒಂದು ಲಿಂಗ ಕಟ್ಸು. ಅದು ಇಲ್ಲಿರೋಗಂಟ ಈ ಮನೇಲಿ ನಾನು ಒಂದ್ತೊಟ್ಟು ನೀರು ಮುಟ್ಟಕಿಲ್ಲ."

ಹೇಳಿದಂತೆಯೇ ನಡೆದರು. ಪಕ್ಕದ ಮನೆಯ ಒಲೆಯಲ್ಲಿ ಅವರಿಗೆಂದು ನಾನು ಬೇರೆ ಮುದ್ದೆ ಬೇಯಿಸಿ, ಅಲ್ಲಿನ ಜಗಲಿಯಲ್ಲಿ ಬಡಿಸಬೇಕಾಯಿತು. ಮಗ ಹಟ ಬಿಡಲಿಲ್ಲ, ತಾಯಿ ವ್ರತ ಬಿಡಲಿಲ್ಲ. ಇಬ್ಬರೂ ಗೆದ್ದರು, ಕಾಲುನೋವು ಸೊಸೆಯ ಪಾಲಿಗೆ ಬಂತು. ಕಾಲು ಹೇಗೋ ತಡೆಯುತ್ತಿತ್ತು. ಸುಡುವ ಮಧ್ಯಾಹ್ನ ಬಾಯಾರಿದರೂ ನಮ್ಮ ನೀರಿಗೆ ಕೈಚಾಚದೆ, ಒಣಗಿದ ತುಟಿ ಸವರಿಕೊಂಡು ಕೂರುವ ಆ ಮುದಿಜೀವ ಎಲ್ಲಿ ಬಿದ್ದುಹೋಗುತ್ತದೋ ಎಂದು ನನಗೆ ಹೆದರಿಕೆ.

ಮೀನಿಗೆ ಇದ್ಯಾವುದರ ಪರಿವೆ ಇರಲಿಲ್ಲ. ಬಂದಾಗ ಮಿಂಚುಳ್ಳಿಯಂಥ ನೀಲಿ. ಬೆಳೆಯುತ್ತ ಬೆಳೆಯುತ್ತ ಒಲೆಯ ಬೂದಿಯ ಬಣ್ಣಕ್ಕೆ ತಿರುಗಿತು. ಮದುವೆ ಗಂಡು ಮನೆಯ ಗಂಡನಾಗುವಂತೆ. ಬೆಚ್ಚನೆಯ ಕಡಲಲ್ಲಿ, ಬಿಸಿಲು ಇಳಿಯುವಷ್ಟೇ ಆಳದ ಹವಳದ ದಿಬ್ಬಗಳಲ್ಲಿ ಇವುಗಳ ವಾಸವಂತೆ. ಒಂದೊಂದಕ್ಕೂ ಒಂದೊಂದು ತುಂಡು ಜಾಗ. ಅಲ್ಲಿ ಬೇಕಾದ ಪಾಚಿ ಬೆಳೆಸಿಕೊಂಡು, ಬೇಡದ ಎಳೆಯನ್ನು ಬಾಯಲ್ಲಿ ಕಿತ್ತು ಆಚೆ ಉಗುಳಿ, ತನಗಿಂತ ಎಷ್ಟೋ ದೊಡ್ಡ ಮೀನು ಮೇಯಲು ಬಂದರೂ ಅಟ್ಟಿಬಿಡುತ್ತದೆ. ನಮ್ಮ ತೊಟ್ಟಿಯಲ್ಲೂ ಅಷ್ಟೆ, ನನ್ನ ಬೆರಳು ನೀರು ಮುಟ್ಟಿದರೆ ಸಾಕು, ಬಂದು ಗುದ್ದುತ್ತಿತ್ತು. ಬದುವಿನ ಜಗಳ ನೋಡಲು ನನ್ನ ತವರು ಕುದೇರಿಗೆ ಹೋಗಬೇಕಾಗಿಯೇ ಇರಲಿಲ್ಲ.

ಅತ್ತೆ ಅದನ್ನು ನೋಡುತ್ತಿರಲಿಲ್ಲ. ಹೊಸ್ತಿಲಾಚೆ ಬತ್ತಿ ಹೊಸೆಯುತ್ತ ಕೂತವರ ಕಣ್ಣು ತಾನಾಗಿ ಹೋಗುತ್ತಿತ್ತು, ಅಷ್ಟೆ.

ಒಂದು ದಿನ ಮೀನು ಕಲ್ಲಿನ ಒಂದು ಬದಿಯನ್ನು ಬಾಯಿಂದ ಕೆರೆದು ಚೊಕ್ಕಟ ಮಾಡಿತು. ಅಲ್ಲಿ ರಾಗಿಗಿಂತ ಸಣ್ಣ ತತ್ತಿಗಳು ಅಂಟಿಕೊಂಡವು. ಆಮೇಲೆ ಎರಡರಲ್ಲಿ ಒಂದು ಮೀನು ಅಲ್ಲಿಂದ ಅಲ್ಲಾಡದು. ಸದಾ ರೆಕ್ಕೆ ಬೀಸುವುದು, ಕೆಟ್ಟ ತತ್ತಿ ಆರಿಸಿ ತೆಗೆಯುವುದು.

"ತಾಯೇನಮ್ಮಿ, ಗಾಳಿ ಬೀಸ್ತಾ ಇರದು?" ಹೊಸ್ತಿಲಾಚೆಯಿಂದ ಪ್ರಶ್ನೆ ಬಂತು.

"ಅಪ್ಪನಂತೆ ಕಣತ್ತೆ. ತಾಯಿನ ಮೂಲೆಗೆ ಅಟ್ಬುಟ್ಟದೆ."

ಅತ್ತೆ ಬತ್ತಿ ಹೊಸೆಯುವುದನ್ನು ನಿಲ್ಲಿಸಿದರು. "ನನ್ ಗಂಡ ತೊಟ್ಲು ತೂಗಿದ್ದ ನಾ ಕಾಣೆ ಕಣಮ್ಮಿ."

ನಾನೂ ಕಂಡಿರಲಿಲ್ಲ. ಅವರ ಮಗನ ಸುದ್ದಿ ಅವರ ಮುಂದೇಕೆ ಎಂದು ಬಾಯಿ ಕಟ್ಟಿಕೊಂಡೆ.

ಅಷ್ಟರಲ್ಲಿ ಕಲ್ಲಿಕೋಟೆ ಸಾಹುಕಾರರು ನಮ್ಮೂರಿಗೆ ಬರುವ ಸುದ್ದಿ ಬಂತು. ಆ ದಿನ ಭಾನುವಾರ. ಸೋಮವಾರದ ಪೂಜೆಗೆಂದು ನಾನು ಹಿತ್ತಾಳೆ ಸಾಮಾನು ತೊಳೆಯುತ್ತಿದ್ದೆ. ಉಂಡ ತಟ್ಟೆ ಎಂದೂ ಎತ್ತದ ನಮ್ಮ ಯಜಮಾನರಿಗೆ ಅಂದು ಶುಚಿಯ ಜ್ಞಾನೋದಯವಾಯಿತು. ನನ್ನ ಮುಂದಿದ್ದ ಹುಣಸೆಹಣ್ಣು, ತೆಂಗಿನ ನಾರು ಎತ್ತಿಕೊಂಡು ಹೋಗಿ, ಪಾಚಿಗಟ್ಟಿದ ಕಲ್ಲನ್ನು ದೀಪದ ಕಂಬದಂತೆ ಬೆಳಗಲು ತೊಟ್ಟಿಗೆ ಕೈ ಇಳಿಸಿದರು. ಮೀನು ಬಂದು ಕಚ್ಚಿತು. ಅವರು ಇನ್ನೊಂದು ಕೈ ಇಳಿಸಿದರು.

ಹೊಸ್ತಿಲಾಚೆ ಇದ್ದ ಅತ್ತೆ ಅದ್ಯಾವ ಮಾಯದಲ್ಲಿ ಒಳಗೆ ಬಂದರೋ, ಮಗನ ಮುಂಗೈ ಹಿಡಿದಿದ್ದರು.

"ತೆಗಿಲಾ ಕೈಯ. ಬಾಣಂತನದ ಮನೆ ಕಣ್ಲಾ ಅದು. ಎತ್ತ ಮಕ್ಕಳ ಕುಂಡಿ ತೊಳೀದೋನು ಅದ್ರ ಕಲ್ಲು ತೊಳಿಯಕ್ಕೆ ಬಂದ್ಬುಟ್ಟ."

"ಗಲೀಜು ಕಣವ್ವ, ಪಾಚಿ."

"ನಿನ್ಗೆ ಪಾಚಿ. ಅದ್ಕೆ ಬೆಳೆ ನಿಂತಿರೋ ಒಲ. ಓಗು ಆಚೆ."

ಅವರು ಹೋಗಲಿಲ್ಲ. ಅತ್ತೆಯೂ ಹೋಗಲಿಲ್ಲ. ತೊಟ್ಟಿಗೆ ಬೆನ್ನು ಕೊಟ್ಟು, ಮಣೆ ಎಳೆದುಕೊಂಡು ಕಾವಲು ಕೂತರು. ಬಿಸಿಲು ನೆತ್ತಿಗೇರಿತು. ಸ್ವಲ್ಪ ಹೊತ್ತಿಗೆ, "ಒಂದ್ಲೋಟ ನೀರು ತತ್ತಾ ಕಣಮ್ಮಿ. ನಾ ಎದ್ರೆ ಇವ್ನು ಮತ್ತೆ ಕೈ ಆಕ್ತಾನೆ" ಎಂದರು.

ತಂದುಕೊಟ್ಟೆ. ಗಟಗಟನೆ ಕುಡಿದರು. ಯಜಮಾನರು ಏನೋ ಹೇಳಲು ಬಾಯಿ ತೆರೆದರು; ನನ್ನ ಕಣ್ಣು ನೋಡಿ ಮುಚ್ಚಿದರು. ಶಿವ ನನಗೆ ಕೊಟ್ಟ ಸಣ್ಣಪುಟ್ಟ ಕೃಪೆಗಳನ್ನು ಎಣಿಸಲು ಕೂತಾಗ ಇವತ್ತಿಗೂ ಮೊದಲು ಬರುವುದು ಆ ಮುಚ್ಚಿದ ಬಾಯಿ.

ಮರಿಗಳು ಉಳಿಯಲಿಲ್ಲ. ಕಡಲಾಗಿದ್ದರೆ ಹರಿವಿನಲ್ಲಿ ತೇಲಿಹೋಗಿ ಇನ್ಯಾವುದೋ ದಿಬ್ಬದಲ್ಲಿ ನೆಲೆ ನಿಲ್ಲುತ್ತಿದ್ದವೇನೋ. ತೊಟ್ಟಿಯಲ್ಲಿ ಎಲ್ಲಿಗೆ ಹೋದಾವು. ಬರಿದಾದ ಕಲ್ಲನ್ನು ಕಂಡ ಬೆಳಿಗ್ಗೆ ಅತ್ತೆ ಪೂಜೆಗೆ ಹೆಚ್ಚು ಹೊತ್ತು ಕೂತಿದ್ದರು. ಎದ್ದು ಬಂದು, ನಮ್ಮ ಅಡುಗೆಮನೆಯಲ್ಲೇ ಉಂಡರು.

ಮೊನ್ನೆ ಆ ತೊಟ್ಟಿ ಹಿಡಿದು ಅಟ್ಟದಿಂದ ಇಳಿದೆ. ಕರೆಂಟು ಹೋಗಿತ್ತು. ಯಜಮಾನರು ಪೇಪರ್ ಮಡಿಸಿಕೊಂಡು, ಮಲಗಿದ್ದ ಮೊಮ್ಮಗಳಿಗೆ ಗಾಳಿ ಬೀಸುತ್ತ ಕೂತಿದ್ದರು. ತೊಟ್ಟಿಯತ್ತ ಒಮ್ಮೆ ಕಣ್ಣು ಹಾಯಿಸಿ, "ಆ ಉಪ್ಪಿನ ಗೆರೆಗೆ ಹುಣಸೆಹಣ್ಣು ಆಕಿ ಉಜ್ಬುಡು" ಎಂದರು.

ಗೆರೆ ಉಜ್ಜಲಿಲ್ಲ. ತೊಟ್ಟಿಯನ್ನು ಗೋಡೆಗೆ ಒರಗಿಸಿ ಒಳಗೆ ಹೋಗಿ, ಅವರು ಕೇಳದಿದ್ದರೂ ಒಂದು ಲೋಟ ನೀರು ತಂದು ಪಕ್ಕದಲ್ಲಿಟ್ಟೆ.